ನರಗಳ ನುಡಿಯನ್ನರಿತ ಮಹನೀಯ: ಒಟ್ಟೊ ಲೋವಿ

ಬೆಳಗಿನ ಜಾವದಲ್ಲಿ ಕಂಡ ಕನಸು ನಿಜವಾಗುವುದೆಂದು ನಮ್ಮ ಅಜ್ಜಿಯಂದಿರು ಹೇಳುತ್ತಿದ್ದರು. ಕೆಟ್ಟ ಕನಸಾದರೆ ಎದ್ದು ಮುಖ ತೊಳೆದು ದೇವರನ್ನು ನೆನೆಯಬೇಕು. ಒಳ್ಳೆಯ ಕನಸಾದರೆ ಮಾತ್ರ ಮತ್ತೆ ಮಲಗಬಾರದು, ಮಲಗಿದರೆ ಅದರ ಫಲ ಕೈತಪ್ಪಿ ಹೋಗುವುದು ಎಂಬುದು ಅವರ ಕಟ್ಟಳೆ. ಇಂಥ ಮಾತುಗಳನ್ನು ಕೇಳಿ ನಾವು ನಗುವುದುಂಟು. ಆದರೆ ವಿಜ್ಞಾನದ ಚರಿತ್ರೆಯಲ್ಲಿ ಅಜ್ಜಿಯಂದಿರ ಕಟ್ಟಳೆಗೆ ಅಚ್ಚರಿಯೆನಿಸುವಷ್ಟು ಸರಿಹೊಂದುವ ಪ್ರಸಂಗವೊಂದಿದೆ. ಒಬ್ಬ ಮಹನೀಯರು ನಡುರಾತ್ರಿಯಲ್ಲಿ ಒಳ್ಳೆಯ ಕನಸೊಂದನ್ನು ಕಂಡರು, ಮತ್ತೆ ಮಲಗಿದರು, ಬೆಳಗಾಗುವುದರೊಳಗೆ ಅದನ್ನು ಕಳೆದುಕೊಂಡರು. ಮರುದಿನ ರಾತ್ರಿ ಅದೇ ವಿಚಾರ ತಿರುಗಿ ಬಂದಾಗ ಅವರು ಮಲಗಲಿಲ್ಲ. ಎದ್ದು ಪ್ರಯೋಗಶಾಲೆಗೆ ನಡೆದರು. ಮನುಷ್ಯನ ಮಿದುಳು ಹೇಗೆ ಕೆಲಸ ಮಾಡುತ್ತದೆ, ಒಂದು ಚಿಟಿಕೆ ಔಷಧವು ಮನಸ್ಸನ್ನೂ ಮೈಯನ್ನೂ ಹೇಗೆ ಬದಲಿಸಬಲ್ಲದು ಎಂಬುದರ ಬಗೆಗೆ ನಾವು ಇಂದು ತಿಳಿದಿರುವ ಸಂಗತಿಗಳಿಗೆಲ್ಲ ಆ ರಾತ್ರಿಯ ಕೆಲಸವೇ ಹೆಬ್ಬಾಗಿಲಾಯಿತು. ಆ ಮಹನೀಯರೇ ಒಟ್ಟೊ ಲೋವಿ.

ನಾಡಹಬ್ಬದ ಸಂಚಿಕೆಯಲ್ಲಿ ದೂರದ ಆಸ್ಟ್ರಿಯಾ ದೇಶದ ವಿಜ್ಞಾನಿಯೊಬ್ಬರ ಚರಿತ್ರೆ ಏತಕ್ಕೆಂದು ಕೆಲವರು ಕೇಳಬಹುದು. ನಮ್ಮ ಸಂಘದ ಸದಸ್ಯರ ಮನೆಗಳನ್ನೇ ಒಮ್ಮೆ ನೆನೆದು ನೋಡೋಣ. ಕಾಫಿಯ ಲೋಟವನ್ನು ಹಿಡಿದರೆ ಕೈ ನಡುಗುವ ತಾತನವರು ಒಂದು ಮನೆಯಲ್ಲಿದ್ದರೆ, ಮಗಳ ಹೆಸರನ್ನೇ ಮರೆತು ಊರಿನ ಹಳೆಯ ಬಾವಿಯನ್ನು ಮಾತ್ರ ನೆನೆಯುವ ಅಜ್ಜಿಯವರು ಇನ್ನೊಂದು ಮನೆಯಲ್ಲಿದ್ದಾರೆ. ಅವರು ನುಂಗುವ ಗುಳಿಗೆಯ ಹೆಸರು ನಮಗೆ ಗೊತ್ತು, ಬೆಲೆಯೂ ಗೊತ್ತು. ಅದು ಒಳಗೆ ಹೋಗಿ ಮಾಡುವುದೇನೆಂಬುದು ಮಾತ್ರ ಗೊತ್ತಿಲ್ಲ. ಅದನ್ನು ಕನ್ನಡದಲ್ಲಿಯೇ ತಿಳಿದುಕೊಳ್ಳುವುದೂ ರಾಜ್ಯೋತ್ಸವದ ಒಂದು ಬಗೆಯೆಂದು ನಾವು ನಂಬಿದ್ದೇವೆ.

ಲೋವಿಯವರು ೧೮೭೩ನೆಯ ಇಸವಿಯ ಜೂನ್ ೩ರಂದು ಜರ್ಮನಿಯ ಫ್ರಾಂಕ್‌ಫರ್ಟ್ ನಗರದಲ್ಲಿ ಹುಟ್ಟಿದರು. ತಂದೆ ಯಾಕೋಬ್ ಲೋವಿ ದ್ರಾಕ್ಷಾರಸದ ವ್ಯಾಪಾರಿ, ಯೆಹೂದ್ಯ ಮನೆತನ. ಬಾಲಕನಿಗೆ ಗ್ರೀಕ್, ಲ್ಯಾಟಿನ್ ಭಾಷೆಗಳೆಂದರೆ ಪ್ರೀತಿ. ಗಣಿತ ಮತ್ತು ಭೌತಶಾಸ್ತ್ರಗಳಲ್ಲಿ ಅಷ್ಟಕ್ಕಷ್ಟೇ. ದೊಡ್ಡವನಾದ ಮೇಲೆ ಕಲೆಯ ಇತಿಹಾಸವನ್ನು ಓದಬೇಕೆಂಬುದು ಅವನ ಆಸೆಯಾಗಿತ್ತು. ಚಿತ್ರ ನೋಡಿಕೊಂಡಿದ್ದರೆ ಹೊಟ್ಟೆ ತುಂಬೀತೆ ಎಂಬ ಚಿಂತೆ ಯಾವ ದೇಶದ ತಂದೆತಾಯಿಗಳಿಗೂ ತಪ್ಪಿದ್ದಲ್ಲ. ಮನೆಯವರ ಒತ್ತಾಯಕ್ಕೆ ಮಣಿದು ಅವರು ೧೮೯೧ರಲ್ಲಿ ಸ್ಟ್ರಾಸ್‌ಬರ್ಗ್ ವಿಶ್ವವಿದ್ಯಾನಿಲಯದಲ್ಲಿ ವೈದ್ಯ ವಿದ್ಯಾರ್ಥಿಯಾಗಿ ಸೇರಿದರು. ಸೇರಿದ್ದು ವೈದ್ಯಶಾಸ್ತ್ರಕ್ಕೆ, ಹೋಗಿ ಕುಳಿತದ್ದು ಮಾತ್ರ ಹೆಚ್ಚಾಗಿ ತತ್ತ್ವಶಾಸ್ತ್ರದ ಉಪನ್ಯಾಸಗಳಲ್ಲಿ. ಮೊದಲನೆಯ ವೈದ್ಯ ಪರೀಕ್ಷೆಯಲ್ಲಿ ಕೂದಲೆಳೆಯಷ್ಟರಲ್ಲಿ ಪಾರಾದರು. ಕೊನೆಗೂ ಮನಸ್ಸು ನಿಂತು, ೧೮೯೬ರಲ್ಲಿ ವೈದ್ಯ ಪದವಿಯನ್ನು ಪಡೆದರು.

ಪದವಿ ಬಂದ ಮೇಲೆ ಫ್ರಾಂಕ್‌ಫರ್ಟಿನ ಆಸ್ಪತ್ರೆಯಲ್ಲಿ ಕೆಲಸ ದೊರೆಯಿತು. ಕ್ಷಯ ಮತ್ತು ನ್ಯುಮೋನಿಯಾ ರೋಗಿಗಳಿಂದ ಅಲ್ಲಿನ ಹಾಸಿಗೆಗಳು ತುಂಬಿದ್ದವು. ಆ ಕಾಲಕ್ಕೆ ಈ ರೋಗಗಳಿಗೆ ಮದ್ದೆಂಬುದೇ ಇರಲಿಲ್ಲ. ಹರೆಯದ ರೋಗಿಗಳು ಒಬ್ಬರ ಹಿಂದೊಬ್ಬರು ಕಣ್ಮುಚ್ಚುತ್ತಿದ್ದರೆ ವೈದ್ಯನು ಪಕ್ಕದಲ್ಲಿ ನಿಂತು ನೋಡಬೇಕು, ಅಷ್ಟೆ. ಆ ನೋಟವನ್ನು ಲೋವಿಯವರು ಸಹಿಸಲಾರದೆ ಹೋದರು. ಮದ್ದೇ ಇಲ್ಲದ ವೈದ್ಯನಾಗಿ ಇರುವುದಕ್ಕಿಂತ, ಮದ್ದು ಏನು, ಅದು ದೇಹದೊಳಗೆ ಹೇಗೆ ಕೆಲಸ ಮಾಡುತ್ತದೆ ಎಂಬುದನ್ನು ಹುಡುಕುವುದೇ ಮೇಲೆಂದು ನಿಶ್ಚಯಿಸಿ ಆಸ್ಪತ್ರೆಯನ್ನು ಬಿಟ್ಟು ಔಷಧಶಾಸ್ತ್ರಕ್ಕೆ ತಿರುಗಿದರು. ೧೮೯೮ರಲ್ಲಿ ಮಾರ್‌ಬರ್ಗ್ ನಗರದಲ್ಲಿ ಹಾನ್ಸ್ ಹೋರ್ಸ್ಟ್ ಮೇಯರ್ ಎಂಬ ಪ್ರಸಿದ್ಧ ಔಷಧಶಾಸ್ತ್ರಜ್ಞರ ಸಹಾಯಕರಾದರು.

ಅಲ್ಲಿ ಅವರು ಮಾಡಿದ ಮೊದಲ ಹೆಸರುವಾಸಿ ಕೆಲಸವು ನರಗಳಿಗೆ ಸಂಬಂಧಿಸಿದುದಲ್ಲ, ಊಟಕ್ಕೆ ಸಂಬಂಧಿಸಿದುದು. ಪ್ರೋಟೀನನ್ನು ಪೂರ್ತಿಯಾಗಿ ಅದರ ಸಣ್ಣ ಘಟಕಗಳಾಗಿ ಒಡೆದು ನಾಯಿಗೆ ಉಣಿಸಿದರೂ ನಾಯಿಯ ದೇಹವು ಆ ತುಣುಕುಗಳಿಂದ ತನಗೆ ಬೇಕಾದ ಪ್ರೋಟೀನನ್ನು ಮತ್ತೆ ಕಟ್ಟಿಕೊಳ್ಳುತ್ತದೆ ಎಂದು ೧೯೦೨ರಲ್ಲಿ ಅವರು ತೋರಿಸಿಕೊಟ್ಟರು. ಅದೇ ವರ್ಷ ಇಂಗ್ಲೆಂಡಿಗೆ ಹೋಗಿ ಲಂಡನ್ನಿನಲ್ಲಿ ಸ್ಟಾರ್ಲಿಂಗರ ಪ್ರಯೋಗಶಾಲೆಯಲ್ಲಿ ಕೆಲವು ತಿಂಗಳು ಕೆಲಸ ಮಾಡಿದರು. ಹೆನ್ರಿ ಡೇಲ್ ಎಂಬ ತರುಣನ ಪರಿಚಯವಾದದ್ದು ಅಲ್ಲಿಯೇ. ಆ ಗೆಳೆತನ ಬಾಳಿನುದ್ದಕ್ಕೂ ಉಳಿಯಿತು. ಅದರ ಫಲವನ್ನು ಮುಂದೆ ಹೇಳುವೆವು.

ಆ ದಿನಗಳಲ್ಲಿ ಶರೀರಶಾಸ್ತ್ರಜ್ಞರನ್ನು ಕಾಡುತ್ತಿದ್ದ ಪ್ರಶ್ನೆ ಯಾವುದೆಂಬುದನ್ನು ಇಲ್ಲಿ ಸ್ವಲ್ಪ ತಿಳಿಯಬೇಕು. ನರವೆಂಬುದು ಮಿದುಳಿನಿಂದ ಅಂಗಗಳಿಗೂ, ಅಂಗಗಳಿಂದ ಮಿದುಳಿಗೂ ಸುದ್ದಿಯನ್ನೊಯ್ಯುವ ತಂತಿ. ಆ ತಂತಿಯ ಉದ್ದಕ್ಕೂ ಸುದ್ದಿ ವಿದ್ಯುತ್ತಿನ ಅಲೆಯಾಗಿ ಸಾಗುತ್ತದೆಂಬುದು ತಿಳಿದಿತ್ತು. ಆದರೆ ಸ್ಪೇನ್ ದೇಶದ ರಾಮೋನ್ ಇ ಕಹಾಲ್ ಎಂಬ ವಿದ್ವಾಂಸರು ಸೂಕ್ಷ್ಮದರ್ಶಕದಲ್ಲಿ ನೋಡಿ, ನರಕೋಶಗಳು ಒಂದಕ್ಕೊಂದು ಬೆಸೆದುಕೊಂಡಿಲ್ಲ, ಪ್ರತಿಯೊಂದೂ ಬೇರೆಬೇರೆಯೆಂದು ಸಾರಿದ್ದರು. ಹಾಗಿದ್ದರೆ ಒಂದು ನರದ ತುದಿಗೂ ಅದರ ಮುಂದಿನ ಕೋಶಕ್ಕೂ ನಡುವೆ ಸಂದು ಇರಲೇಬೇಕಷ್ಟೆ. ಆ ಸಂದಿಯನ್ನು ಸುದ್ದಿ ದಾಟುವುದು ಹೇಗೆ? ವಿದ್ಯುತ್ತೇ ಕಿಡಿಯಂತೆ ನೆಗೆಯುತ್ತದೆಯೆಂದು ಹಲವರು ನಂಬಿದ್ದರು. ನರದ ತುದಿಯು ಯಾವುದೋ ರಸವನ್ನು ಒಸರಿ, ಆ ರಸವೇ ಮುಂದಿನ ಕೋಶವನ್ನು ಮುಟ್ಟುತ್ತದೆಯೋ ಏನೋ ಎಂದು ಕೆಲವರು ಮಾತ್ರ ಶಂಕಿಸುತ್ತಿದ್ದರು. ೧೯೦೪ರಲ್ಲಿ ಎಲಿಯಟ್ ಎಂಬ ಆಂಗ್ಲ ತರುಣ ಈ ಬಗೆಗೆ ಒಂದು ಸೂಚನೆಯನ್ನು ಬರೆದು ಬಿಟ್ಟುಬಿಟ್ಟನು. ಅದಕ್ಕೂ ಒಂದು ವರ್ಷ ಹಿಂದೆಯೇ ಲೋವಿಯವರಿಗೆ ಇದೇ ವಿಚಾರ ಹೊಳೆದು, ಗೆಳೆಯರೊಬ್ಬರೊಡನೆ ಮಾತಿನಲ್ಲಿ ಆಡಿದ್ದರು. ಆದರೆ ಅದನ್ನು ಪರೀಕ್ಷಿಸುವ ದಾರಿ ಕಾಣಲಿಲ್ಲ. ದಾರಿ ಕಾಣದ ವಿಚಾರವು ಮನಸ್ಸಿನ ಅಟ್ಟವನ್ನೇರಿತು. ಹದಿನೇಳು ವರ್ಷ ಅಲ್ಲಿಯೇ ಧೂಳು ತಿಂದಿತು.

ಈ ನಡುವೆ ಲೋವಿಯವರ ಬಾಳು ಬೆಳೆಯಿತು. ಗುರುಗಳಾದ ಮೇಯರರೊಡನೆ ವಿಯೆನ್ನಾ ನಗರಕ್ಕೆ ಹೋದರು. ೧೯೦೮ರಲ್ಲಿ ರಸಾಯನಶಾಸ್ತ್ರದ ಪ್ರಾಧ್ಯಾಪಕರಾದ ಗೋಲ್ಡ್‌ಶ್ಮೀಡ್ಟರ ಮಗಳು ಗೀಡಾ ಎಂಬವರನ್ನು ಮದುವೆಯಾದರು. ಮೂವರು ಗಂಡುಮಕ್ಕಳೂ ಒಬ್ಬ ಮಗಳೂ ಹುಟ್ಟಿದರು. ೧೯೦೯ರಲ್ಲಿ ಆಸ್ಟ್ರಿಯಾದ ಗ್ರಾಟ್ಸ್ ನಗರದ ವಿಶ್ವವಿದ್ಯಾನಿಲಯದಲ್ಲಿ ಔಷಧಶಾಸ್ತ್ರದ ಪ್ರಾಧ್ಯಾಪಕರಾಗಿ ನೆಲೆಸಿದರು. ಮುಂದಿನ ಇಪ್ಪತ್ತೊಂಬತ್ತು ವರ್ಷ ಅದೇ ಅವರ ಊರು, ಅದೇ ಅವರ ಕರ್ಮಭೂಮಿ. ತರಗತಿಯಲ್ಲಿ ಸೊಗಸಾದ ಪಾಠ, ಸಂಜೆಗೆ ಸಂಗೀತ, ಗೆಳೆಯರೊಡನೆ ಹರಟೆ, ಕಲೆಯ ಮೇಲಿನ ಹಳೆಯ ಪ್ರೀತಿ. ಇವುಗಳ ನಡುವೆ ಸದ್ದಿಲ್ಲದೆ ಸಂಶೋಧನೆ ಸಾಗಿತ್ತು.

ಈಗ ಆ ಪ್ರಸಿದ್ಧವಾದ ರಾತ್ರಿಗೆ ಬರೋಣ. ಲೋವಿಯವರೇ ನೆನೆದು ಹೇಳಿರುವಂತೆ ಅದು ೧೯೨೦ರ ಈಸ್ಟರ್ ಹಬ್ಬದ ಹಿಂದಿನ ರಾತ್ರಿ. ನಿದ್ದೆಯಿಂದ ತಟ್ಟನೆ ಎಚ್ಚರವಾಯಿತು. ಏನೋ ಅಮೂಲ್ಯವಾದದ್ದು ಹೊಳೆದಿತ್ತು. ದೀಪ ಹಚ್ಚಿ, ಕೈಗೆ ಸಿಕ್ಕ ತೆಳುವಾದ ಕಾಗದದ ಚೂರಿನ ಮೇಲೆ ನಾಲ್ಕು ಗೀಟು ಗೀಚಿ ಮತ್ತೆ ಮಲಗಿದರು. ಬೆಳಗ್ಗೆ ಆರು ಗಂಟೆಗೆ ಎದ್ದಾಗ ರಾತ್ರಿ ಮಹತ್ವದ್ದೇನನ್ನೋ ಬರೆದಿಟ್ಟೆನೆಂಬುದು ನೆನಪಿಗೆ ಬಂತು. ಕಾಗದವನ್ನು ತೆಗೆದು ನೋಡಿದರೆ ಬ್ರಹ್ಮಲಿಪಿ! ತಮ್ಮ ಕೈಬರಹವನ್ನು ತಾವೇ ಓದಲಾರದೆ ಹೋದರು. ಆ ಭಾನುವಾರವಿಡೀ ಕಾಗದವನ್ನು ತಿರುಗಿಸಿ ಮುರುಗಿಸಿ ನೋಡಿದರೂ ಒಂದಕ್ಷರ ಅರ್ಥವಾಗಲಿಲ್ಲ. ಅವರ ಬಾಳಿನಲ್ಲಿ ಅಷ್ಟು ದೀರ್ಘವಾದ ದಿನ ಇನ್ನೊಂದಿರಲಿಲ್ಲವಂತೆ. ಮರುದಿನ ಬೆಳಗಿನ ಜಾವ ಮೂರು ಗಂಟೆಗೆ ವಿಚಾರ ತಿರುಗಿ ಬಂತು. ಈ ಸಲ ಅವರು ಕಾಗದವನ್ನು ನಂಬಲಿಲ್ಲ, ಹಾಸಿಗೆಯನ್ನೂ ನಂಬಲಿಲ್ಲ. ನೇರವಾಗಿ ಪ್ರಯೋಗಶಾಲೆಗೆ ಹೊರಟರು.

ಮಾಡಿದ ಪ್ರಯೋಗವು ಎಷ್ಟು ಸರಳವೆಂದರೆ ಶಾಲೆಯ ಹುಡುಗನಿಗೂ ತಿಳಿಯುವಂಥದು. ಕಪ್ಪೆಯ ಹೃದಯವನ್ನು ಹೊರಗೆ ತೆಗೆದು ತಕ್ಕ ಪ್ರಮಾಣದ ಉಪ್ಪುನೀರಿನಲ್ಲಿಟ್ಟರೆ ಅದು ಬಹಳ ಹೊತ್ತು ಮಿಡಿಯುತ್ತಲೇ ಇರುತ್ತದೆ. ಮಿದುಳಿನ ಬುಡದಿಂದ ಹೊರಟು ಎದೆ ಹೊಟ್ಟೆಗಳಲ್ಲಿ ಅಲೆಯುವ ವೇಗಸ್ ಎಂಬ ನರವೊಂದಿದೆ. ಅದನ್ನು ಕೆರಳಿಸಿದರೆ ಹೃದಯದ ಮಿಡಿತ ನಿಧಾನವಾಗುವುದೆಂದು ವೇಬರ್ ಸಹೋದರರು ೧೮೪೫ರಲ್ಲಿಯೇ ಕಂಡುಹಿಡಿದಿದ್ದರು. ಲೋವಿಯವರು ಎರಡು ಹೃದಯಗಳನ್ನು ತೆಗೆದುಕೊಂಡರು. ಒಂದಕ್ಕೆ ಅದರ ನರ ಅಂಟಿಕೊಂಡೇ ಇತ್ತು, ಇನ್ನೊಂದಕ್ಕೆ ನರವಿರಲಿಲ್ಲ. ಮೊದಲನೆಯದರ ನರವನ್ನು ಕೆರಳಿಸಿದಾಗ ಅದರ ಮಿಡಿತ ಇಳಿಯಿತು. ಆ ಹೃದಯದೊಳಗಿದ್ದ ಉಪ್ಪುನೀರನ್ನು ತೆಗೆದು ಎರಡನೆಯದಕ್ಕೆ ಹಾಕಿದರು. ನರವೇ ಇಲ್ಲದ ಎರಡನೆಯ ಹೃದಯವೂ, ತನ್ನ ನರವನ್ನೇ ಯಾರೋ ಕೆರಳಿಸಿದರೆಂಬಂತೆ, ನಿಧಾನವಾಯಿತು! ಮಿಡಿತವನ್ನು ಏರಿಸುವ ನರವನ್ನು ಕೆರಳಿಸಿ ತೆಗೆದ ನೀರನ್ನು ಹಾಕಿದಾಗ ಅದರ ಮಿಡಿತ ಏರಿತು. ಕೊಟ್ಟದ್ದು ನೀರು, ಹೋದದ್ದು ಸುದ್ದಿ. ಕಿಡಿಯು ನೀರಿನಲ್ಲಿ ಕುಳಿತು ಒಂದು ಪಾತ್ರೆಯಿಂದ ಇನ್ನೊಂದಕ್ಕೆ ಹೋಗಲಾರದಷ್ಟೆ. ಆದ್ದರಿಂದ ನರವು ಯಾವುದೋ ರಸವನ್ನು ಸುರಿಸುತ್ತದೆಂಬುದು ಸಿದ್ಧವಾಯಿತು. ೧೯೨೧ರಲ್ಲಿ ಈ ಫಲಿತಾಂಶವನ್ನು ಕೆಲವೇ ಪುಟಗಳ ಲೇಖನದಲ್ಲಿ ಪ್ರಕಟಿಸಿದರು. ಹೃದಯವನ್ನು ತಡೆಯುವ ರಸಕ್ಕೆ ವೇಗಸ್ ವಸ್ತುವೆಂದಷ್ಟೇ ಹೆಸರಿಟ್ಟರು.

ಇದನ್ನು ಬರಿಯ ಪವಾಡವೆಂದು ತಿಳಿಯಬಾರದು. ಆ ಪ್ರಯೋಗಕ್ಕೆ ಬೇಕಾದ ಸಾಮಗ್ರಿಯನ್ನೂ ಕೈಚಳಕವನ್ನೂ ಲೋವಿಯವರು ಕೆಲವೇ ವರ್ಷಗಳ ಹಿಂದೆ ಬೇರೊಂದು ಕೆಲಸಕ್ಕಾಗಿ ಸಿದ್ಧಪಡಿಸಿಕೊಂಡಿದ್ದರು. ಹದಿನೇಳು ವರ್ಷದ ಹಳೆಯ ಪ್ರಶ್ನೆಯೊಂದು, ಹೊಸ ಕೈಚಳಕವೊಂದು. ಎರಡೂ ನಿದ್ದೆಯಲ್ಲಿ ಕೈಹಿಡಿದುಕೊಂಡವು. ಅದೃಷ್ಟವೂ ಜೊತೆಗೂಡಿತ್ತೆನ್ನಬೇಕು. ಕಪ್ಪೆಯ ಆ ನರದಲ್ಲಿ ಮಿಡಿತವನ್ನು ಇಳಿಸುವ ಎಳೆಗಳೂ ಏರಿಸುವ ಎಳೆಗಳೂ ಕೂಡಿರುತ್ತವೆ. ಯಾವುದರ ಕೈ ಮೇಲಾಗುವುದೆಂಬುದು ಋತುವಿನ ಮೇಲೆ ನಿಂತಿದೆ. ಅಲ್ಲದೆ ಆ ರಸವು ಬಹುಬೇಗ ಒಡೆದುಹೋಗುವಂಥದು. ಹಗಲಿನಲ್ಲಿ ಸಾವಧಾನವಾಗಿ ಯೋಚಿಸಿದ್ದರೆ, ಅಷ್ಟು ಅಲ್ಪವಾದ ರಸವು ಹೊರಗಿನ ನೀರಿಗೆ ಬಂದು ಸೇರುವುದು ಅಸಂಭವವೆಂದು ತಾವೇ ಆ ಪ್ರಯೋಗವನ್ನು ಕೈಬಿಡುತ್ತಿದ್ದೆವೆಂದು ಲೋವಿಯವರು ಮುಂದೆ ಒಪ್ಪಿಕೊಂಡರು.

ಲೋಕವು ಕೂಡಲೇ ನಂಬಲಿಲ್ಲ. ಇತರರು ಅದೇ ಪ್ರಯೋಗವನ್ನು ಮಾಡಿ ಸೋತರು. ಸೋತವರು ಸುಮ್ಮನಿರದೆ ಆಕ್ಷೇಪಗಳನ್ನು ಬರೆದರು. ಲೋವಿಯವರು ಜಗಳಕ್ಕೆ ನಿಲ್ಲದೆ ಕೆಲಸಕ್ಕೆ ನಿಂತರು. ೧೯೨೬ರಲ್ಲಿ ಸ್ಟಾಕ್‌ಹೋಮಿನಲ್ಲಿ ಶರೀರಶಾಸ್ತ್ರಜ್ಞರ ಅಂತರರಾಷ್ಟ್ರೀಯ ಸಮ್ಮೇಳನವು ನೆರೆದಾಗ, ವಿದ್ವಾಂಸರ ಕಣ್ಣೆದುರಿನಲ್ಲಿಯೇ ಅದೇ ಪ್ರಯೋಗವನ್ನು ಹದಿನೆಂಟು ಸಲ ಮಾಡಿ ತೋರಿಸಿದರು. ಅದೇ ವರ್ಷ, ನವ್ರಾಟಿಲ್ ಎಂಬ ಸಹೋದ್ಯೋಗಿಯೊಡನೆ, ಆ ರಸವು ಅಸಿಟೈಲ್ ಕೋಲಿನ್ ಎಂಬ ವಸ್ತುವಿನಂತೆಯೇ ವರ್ತಿಸುವುದೆಂದೂ, ದೇಹದಲ್ಲಿರುವ ಒಂದು ಕಿಣ್ವವು ಅದನ್ನು ಕ್ಷಣಮಾತ್ರದಲ್ಲಿ ಒಡೆದುಹಾಕುವುದೆಂದೂ ತೋರಿಸಿದರು. ಪಶ್ಚಿಮ ಆಫ್ರಿಕಾದ ಕಲಬಾರ್ ಪ್ರಾಂತದಲ್ಲಿ ಬೆಳೆಯುವ ಒಂದು ಬಗೆಯ ವಿಷದ ಅವರೆಯಿಂದ ತೆಗೆದ ಫೈಸೊಸ್ಟಿಗ್ಮಿನ್ ಎಂಬ ಮದ್ದು ಆ ಕಿಣ್ವದ ಕೈಕಟ್ಟಿ ರಸವನ್ನು ಉಳಿಸುತ್ತದೆಂದೂ ಕಂಡುಹಿಡಿದರು. ಒಂದು ಔಷಧವು ದೇಹದ ಇಂಥ ಕಿಣ್ವವನ್ನೇ ಹಿಡಿದು ಕೆಲಸ ಮಾಡುತ್ತದೆಂದು ಬೆರಳಿಟ್ಟು ತೋರಿಸಿದ ಮೊದಮೊದಲ ನಿದರ್ಶನಗಳಲ್ಲಿ ಇದೊಂದು. ಫ್ರಾಂಕ್‌ಫರ್ಟಿನ ಆಸ್ಪತ್ರೆಯನ್ನು ಬಿಟ್ಟು ಹೊರಟ ತರುಣ ವೈದ್ಯರು ಅರಸಿ ಹೊರಟದ್ದು ಇದನ್ನೇ ಅಲ್ಲವೆ?

ಇತ್ತ ಲಂಡನ್ನಿನಲ್ಲಿ ಗೆಳೆಯ ಡೇಲರು ಇದೇ ಅಸಿಟೈಲ್ ಕೋಲಿನ್ನಿನ ಗುಣಗಳನ್ನು ೧೯೧೪ರಲ್ಲಿಯೇ ವಿವರಿಸಿದ್ದರು. ೧೯೨೯ರಲ್ಲಿ ಅದು ಪ್ರಾಣಿಗಳ ದೇಹದಲ್ಲಿ ಸಹಜವಾಗಿಯೇ ಇರುವುದೆಂದು ಡೇಲರೂ ಅವರ ಸಹೋದ್ಯೋಗಿಯೂ ಸಾಧಿಸಿದರು. ನಮ್ಮ ಇಚ್ಛೆಯಂತೆ ಕೈಕಾಲುಗಳನ್ನು ಆಡಿಸುವ ಸ್ನಾಯುಗಳಿಗೂ ಸುದ್ದಿ ಮುಟ್ಟುವುದು ಇದೇ ರಸದಿಂದಲೇ ಎಂಬುದನ್ನು ಡೇಲರ ಬಳಗವು ತೋರಿಸಿತು. ಈ ಕೊನೆಯ ಸಂಗತಿಯ ಬಗೆಗೆ ಲೋವಿಯವರಿಗೇ ಮೊದಲು ಸಂದೇಹವಿತ್ತು. ಸಾಕ್ಷ್ಯ ಬಂದಾಗ ಒಪ್ಪಿಕೊಂಡರು. ೧೯೩೬ರ ನೊಬೆಲ್ ಪಾರಿತೋಷಕವು ಈ ಇಬ್ಬರು ಗೆಳೆಯರಿಗೆ ಜೊತೆಯಾಗಿ ಬಂತು. ಮೊದಲು ಭೇಟಿಯಾಗಿ ಮೂವತ್ತನಾಲ್ಕು ವರ್ಷಗಳ ಮೇಲೆ ಇಬ್ಬರೂ ಒಂದೇ ವೇದಿಕೆಯ ಮೇಲೆ ನಿಂತರು. ಲೋವಿಯವರು ತಮ್ಮ ಪಾಲಿನ ಹಣವನ್ನು ಸ್ಟಾಕ್‌ಹೋಮಿನ ಬ್ಯಾಂಕಿನಲ್ಲಿಯೇ ಇಟ್ಟು ಊರಿಗೆ ಮರಳಿದರು.

ಆ ಸಂತೋಷವು ಹದಿನೈದು ತಿಂಗಳು ಮಾತ್ರ ಬಾಳಿತು. ೧೯೩೮ರ ಮಾರ್ಚಿಯಲ್ಲಿ ಹಿಟ್ಲರನ ಸೇನೆ ಆಸ್ಟ್ರಿಯಾವನ್ನು ಹೊಕ್ಕಿತು. ಅದೇ ರಾತ್ರಿ ಬಂದೂಕು ಹಿಡಿದ ನಾಜಿ ಪುಂಡರು ಅರವತ್ತನಾಲ್ಕು ವರ್ಷದ ಪ್ರಾಧ್ಯಾಪಕರ ಮಲಗುವ ಕೋಣೆಗೆ ನುಗ್ಗಿ, ಅವರನ್ನು ಎಬ್ಬಿಸಿ, ಕಾರಾಗೃಹಕ್ಕೆ ಎಳೆದೊಯ್ದರು. ಮಾಡಿದ ತಪ್ಪು, ಯೆಹೂದ್ಯರಾಗಿ ಹುಟ್ಟಿದ್ದು. ಕಿರಿಯ ಮಕ್ಕಳಿಬ್ಬರನ್ನೂ ಸೆರೆಯಲ್ಲಿಟ್ಟರು. ಬೆಳಗಾಗುವುದರೊಳಗೆ ತಮ್ಮನ್ನು ಕೊಲ್ಲುವರೆಂದು ಲೋವಿಯವರು ನಿಶ್ಚಯವಾಗಿ ನಂಬಿದ್ದರು. ಅಂಥ ಹೊತ್ತಿನಲ್ಲಿ ಮನುಷ್ಯನಾದವನು ಏನು ಮಾಡುತ್ತಾನೆ? ಅವರು ಕಾವಲುಗಾರನಲ್ಲಿ ಒಂದು ಅಂಚೆಯ ಕಾರ್ಡನ್ನೂ ಲೇಖನಿಯನ್ನೂ ಬೇಡಿದರು. ಇನ್ನೂ ಪ್ರಕಟವಾಗದಿದ್ದ ತಮ್ಮ ಇತ್ತೀಚಿನ ಸಂಶೋಧನೆಯ ಸಾರವನ್ನು ಅದರಲ್ಲಿ ಬರೆದು, ವಿಜ್ಞಾನ ಪತ್ರಿಕೆಯೊಂದರ ವಿಳಾಸಕ್ಕೆ ಅಂಚೆಗೆ ಹಾಕಿಸಿದರು. ಕಾರ್ಡು ಹೋದ ಮೇಲೆ ಅವರ ಮನಸ್ಸು ಹಗುರವಾಯಿತಂತೆ. ಪ್ರಾಣವು ಹೋದರೂ ಕಂಡುಕೊಂಡದ್ದು ಕಳೆದುಹೋಗಬಾರದೆಂಬ ಚಿಂತೆಯೊಂದೇ ಅವರಿಗಿತ್ತು. ಕಾಗದದ ಚೂರೊಂದು ಒಮ್ಮೆ ಅವರನ್ನು ವಂಚಿಸಿತ್ತು. ಈ ಕಾಗದವನ್ನು ಅವರು ಸ್ಪಷ್ಟವಾಗಿಯೇ ಬರೆದಿರಬೇಕು.

ಪ್ರಾಣವು ಉಳಿಯಿತು. ಸುಮಾರು ಎರಡು ತಿಂಗಳ ಮೇಲೆ ಬಿಡುಗಡೆಯಾಯಿತು. ಆದರೆ ದೇಶವನ್ನು ಬಿಟ್ಟು ಹೋಗಲು ತೆರವೇ ಬೇರೆಯಿತ್ತು. ಸ್ಟಾಕ್‌ಹೋಮಿನಲ್ಲಿದ್ದ ನೊಬೆಲ್ ಹಣವನ್ನು ನಾಜಿಗಳ ಹತೋಟಿಯಲ್ಲಿದ್ದ ಬ್ಯಾಂಕಿಗೆ ವರ್ಗಾಯಿಸಬೇಕೆಂದು ಅಪ್ಪಣೆಯಾಯಿತು. ವರ್ಗಾಯಿಸಿ, ಬರಿಗೈಯಲ್ಲಿ, ೧೯೩೮ರ ಸೆಪ್ಟೆಂಬರ್ ೨೮ರಂದು ಅವರು ಹೊರಟರು. ಪತ್ನಿ ಗೀಡಾ ಅವರ ಹೆಸರಿನಲ್ಲಿದ್ದ ಆಸ್ತಿಗಾಗಿ ಆಕೆಯನ್ನು ಅಲ್ಲಿಯೇ ತಡೆದಿಟ್ಟರು. ಆಕೆ ಗಂಡನನ್ನು ಕೂಡಿಕೊಂಡದ್ದು ೧೯೪೧ರಲ್ಲಿ. ಲೋವಿಯವರು ಲಂಡನ್ನಿಗೆ ಬಂದು, ಬ್ರಸೆಲ್ಸಿನಲ್ಲಿ ಕೆಲವು ಕಾಲವಿದ್ದು, ಯುದ್ಧವು ಆರಂಭವಾದಾಗ ಆಕ್ಸ್‌ಫರ್ಡಿನಲ್ಲಿ ನಿಂತು, ೧೯೪೦ರಲ್ಲಿ ನ್ಯೂಯಾರ್ಕಿಗೆ ಬಂದಿಳಿದರು. ಪ್ರವೇಶಕ್ಕಾಗಿ ತಂದಿದ್ದ ವೈದ್ಯರ ಪತ್ರದಲ್ಲಿ, ಈತನಿಗೆ ಮುಪ್ಪಡರಿದೆ, ದುಡಿದು ತಿನ್ನಲಾರ ಎಂಬ ಅರ್ಥದ ಷರಾ ಇದ್ದುದನ್ನು ಅವರು ಅಧಿಕಾರಿಯ ಮೇಜಿನ ಮೇಲೆ ಕಂಡು ನಡುಗಿಹೋದರು. ಪುಣ್ಯಕ್ಕೆ ಆ ಅಧಿಕಾರಿ ಅದನ್ನು ಲೆಕ್ಕಿಸದೆ ಒಳಗೆ ಬಿಟ್ಟನು. ಮುಪ್ಪಡರಿದ ಆ ಮನುಷ್ಯರು ನ್ಯೂಯಾರ್ಕ್ ವಿಶ್ವವಿದ್ಯಾನಿಲಯದಲ್ಲಿ ಪ್ರಾಧ್ಯಾಪಕರಾಗಿ ಇನ್ನೂ ಎಷ್ಟೋ ವರ್ಷ ತರುಣರಿಗೆ ದಾರಿ ತೋರಿದರು. ಬೇಸಗೆಯಲ್ಲಿ ವುಡ್ಸ್ ಹೋಲ್ ಎಂಬ ಕಡಲತೀರದ ಊರಿಗೆ ಹೋಗಿ ಅಲ್ಲಿನ ಜೀವವಿಜ್ಞಾನಿಗಳ ನಡುವೆ ಹರಟುತ್ತ ಕೂರುವುದು ಅವರಿಗೆ ಪ್ರಿಯವಾಗಿತ್ತು. ೧೯೪೬ರಲ್ಲಿ ಅಮೆರಿಕದ ಪ್ರಜೆಯಾದರು. ೧೯೫೮ರಲ್ಲಿ ಪತ್ನಿ ತೀರಿಕೊಂಡರು. ೧೯೬೧ರ ಡಿಸೆಂಬರ್ ೨೫ರಂದು, ಎಂಬತ್ತೆಂಟರ ವಯಸ್ಸಿನಲ್ಲಿ, ನ್ಯೂಯಾರ್ಕಿನಲ್ಲಿ ಲೋವಿಯವರು ಕಣ್ಮುಚ್ಚಿದರು.

ಕಪ್ಪೆಯ ಹೃದಯದಲ್ಲಿ ಕಂಡದ್ದು ಮನುಷ್ಯನ ಮಿದುಳಿಗೂ ಸಲ್ಲುವುದೇ ಎಂಬ ವಾದವು ಲೋವಿಯವರ ಕಣ್ಣೆದುರಿನಲ್ಲಿಯೇ ತೀರ್ಮಾನವಾಯಿತು. ಮಿದುಳು ಮತ್ತು ಬೆನ್ನುಹುರಿಗಳಲ್ಲಿ ಸುದ್ದಿ ಸಾಗಿಸುವುದು ವಿದ್ಯುತ್ತೇ ಎಂದು ಹಟಹಿಡಿದಿದ್ದ ಜಾನ್ ಎಕ್ಲೆಸ್ ಎಂಬ ವಿದ್ವಾಂಸರು ೧೯೫೧ರಲ್ಲಿ ತಮ್ಮದೇ ಪ್ರಯೋಗದಿಂದ ತಮ್ಮ ಮತವು ತಪ್ಪೆಂದು ಕಂಡು, ಅದನ್ನು ಬಹಿರಂಗವಾಗಿ ಒಪ್ಪಿಕೊಂಡರು. ಕೆಲವೆಡೆಗಳಲ್ಲಿ ವಿದ್ಯುತ್ತು ನೇರವಾಗಿ ದಾಟುವುದೂ ಉಂಟೆಂದು ಆಮೇಲೆ ತಿಳಿದುಬಂತು. ಆದರೆ ಹೆಚ್ಚಿನ ಕಡೆಗಳಲ್ಲಿ ಕೆಲಸ ರಸದ್ದೇ. ಮನುಷ್ಯನ ಮಿದುಳಿನಲ್ಲಿ ಸುಮಾರು ೮,೬೦೦ ಕೋಟಿ ನರಕೋಶಗಳಿವೆ. ಅವುಗಳ ನಡುವಣ ಸಂದು ಒಂದು ಮಿಲಿಮೀಟರಿನ ಐವತ್ತು ಸಾವಿರದಲ್ಲೊಂದು ಪಾಲಿನಷ್ಟು ಕಿರಿದು. ಒಂದು ಕೋಶದ ತುದಿಯಿಂದ ರಸವು ಚಿಮ್ಮಿ, ಸಂದಿಯನ್ನು ದಾಟಿ, ಆಚೆಯ ಕೋಶದ ಮೇಲಿರುವ ಗ್ರಾಹಕವೆಂಬ ಪ್ರೋಟೀನಿನಲ್ಲಿ ಬೀಗಕ್ಕೆ ಬೀಗದ ಕೈಯಂತೆ ಕೂರುತ್ತದೆ. ಬೀಗ ತೆರೆದರೆ ಸುದ್ದಿ ಮುಂದೆ ಸಾಗುತ್ತದೆ, ಇಲ್ಲವೆ ಸಾಗುತ್ತಿದ್ದುದು ನಿಲ್ಲುತ್ತದೆ. ಕೆಲಸ ಮುಗಿದೊಡನೆ ರಸವು ಒಡೆದುಹೋಗಬೇಕು, ಇಲ್ಲವೆ ಬಂದ ದಾರಿಯಲ್ಲಿಯೇ ಮರಳಬೇಕು. ಅಸಿಟೈಲ್ ಕೋಲಿನ್, ಡೋಪಮಿನ್, ಸೆರೊಟೋನಿನ್ ಮೊದಲಾದ ಹಲವು ರಸಗಳು ಹೀಗೆ ದುಡಿಯುತ್ತವೆ.

ಇಷ್ಟನ್ನು ತಿಳಿದರೆ ಮದ್ದಿನ ಕೆಲಸವೂ ವಿಷದ ಕೆಲಸವೂ ಒಟ್ಟಿಗೆ ಬೆಳಕಿಗೆ ಬರುತ್ತವೆ. ನಾಗರಹಾವಿನ ವಿಷದ ಒಂದು ಅಂಶವು ಸ್ನಾಯುವಿನ ಮೇಲಿನ ಬೀಗಕ್ಕೆ ಅಡ್ಡವಾಗಿ ಕುಳಿತು ಅಸಿಟೈಲ್ ಕೋಲಿನ್ನಿಗೆ ಎಡೆಗೊಡುವುದಿಲ್ಲ. ರೆಪ್ಪೆ ಜೋತುಬಿದ್ದು ಕೊನೆಗೆ ಉಸಿರು ನಿಲ್ಲುವುದು ಅದರಿಂದಲೇ. ಬೆಳೆಗೆ ಹೊಡೆಯುವ ಆರ್ಗನೋಫಾಸ್ಫೇಟ್ ಕೀಟನಾಶಕಗಳು ಮಾಡುವುದು ಇದಕ್ಕೆ ವಿರುದ್ಧವಾದ ಕೇಡನ್ನು. ಅವು ರಸವನ್ನು ಒಡೆಯುವ ಕಿಣ್ವವನ್ನೇ ಕೊಂದುಹಾಕುತ್ತವೆ; ರಸವು ಉಕ್ಕಿ ಹರಿದು ಜೊಲ್ಲು, ಬೆವರು, ಸೆಳವುಗಳಿಂದ ಮನುಷ್ಯನು ಬೀಳುತ್ತಾನೆ. ಲೋವಿಯವರು ನೊಬೆಲ್ ಪಾರಿತೋಷಕವನ್ನು ಸ್ವೀಕರಿಸಿದ ೧೯೩೬ರ ಡಿಸೆಂಬರಿನಲ್ಲಿಯೇ ಜರ್ಮನಿಯ ರಸಾಯನಜ್ಞನೊಬ್ಬನು ಕೀಟನಾಶಕವನ್ನು ಹುಡುಕುತ್ತ ಹೋಗಿ ಟಾಬುನ್ ಎಂಬ ಘೋರವಾದ ನರವಿಷವನ್ನು ಮೊದಲ ಸಲ ತಯಾರಿಸಿದನು. ನಾಜಿಗಳು ಅದನ್ನು ಯುದ್ಧಕ್ಕೆಂದು ಕೂಡಿಟ್ಟರು. ಗ್ರಾಟ್ಸಿನ ಪ್ರಯೋಗಶಾಲೆಯು ರೋಗಿಗಳಿಗಾಗಿ ಬಿಡಿಸಿಟ್ಟ ಗಂಟನ್ನು ಕೊಲೆಗಾರರೂ ಹಿಡಿದು ಎಳೆಯಬಲ್ಲವರಾದರು. ಆದರೆ ಉಳಿಸುವ ದಾರಿಯೂ ಅದೇ ತಿಳಿವಿನಿಂದ ಬಂತೆಂಬುದನ್ನು ಮರೆಯಬಾರದು. ಇಂದು ಕೀಟನಾಶಕವನ್ನು ಕುಡಿದ ರೈತನನ್ನು ನಮ್ಮ ಜಿಲ್ಲೆಗಳ ಆಸ್ಪತ್ರೆಗೆ ಹೊತ್ತು ತಂದಾಗ ವೈದ್ಯರು ಕೂಡಲೇ ಚುಚ್ಚುವ ಅಟ್ರೊಪಿನ್ ಎಂಬ ಮದ್ದು ಆ ರಸದ ಹಾವಳಿಗೆ ಅಡ್ಡಗಟ್ಟುವಂಥದು. ನಾಗರಹಾವು ಕಚ್ಚಿದವರಿಗೆ ವಿಷನಿವಾರಕದೊಡನೆ ಕೊಡುವ ನಿಯೊಸ್ಟಿಗ್ಮಿನ್, ಲೋವಿಯವರು ಪರೀಕ್ಷಿಸಿದ ಆ ಆಫ್ರಿಕದ ಅವರೆಯ ಮದ್ದಿನ ದಾಯಾದಿ. ಸ್ನಾಯುಗಳು ಸೋತು ಬೀಳುವ ಮಯಸ್ತೀನಿಯಾ ಎಂಬ ರೋಗಕ್ಕೆ ಅದೇ ಅವರೆಯ ಮದ್ದನ್ನು ೧೯೩೪ರಲ್ಲಿ ಮೇರಿ ವಾಕರ್ ಎಂಬ ವೈದ್ಯೆ ಇಂಗ್ಲೆಂಡಿನಲ್ಲಿ ಕೊಟ್ಟು ನೋಡಿ, ಜೋತುಬಿದ್ದ ರೆಪ್ಪೆ ಮೇಲೇಳುವುದನ್ನು ಕಂಡರು. ಮರೆವಿನ ರೋಗವಾದ ಆಲ್ಜೈಮರ್‌ನಲ್ಲಿ ಅಸಿಟೈಲ್ ಕೋಲಿನ್ನಿನ ಕೊರತೆಯುಂಟಾಗುವುದೆಂದು ೧೯೭೬ರ ಸುಮಾರಿಗೆ ಗೊತ್ತಾಯಿತು. ಇಂದು ನಮ್ಮ ಅಜ್ಜಿಯವರು ನುಂಗುವ ಡೊನೆಪೆಜಿಲ್ ಗುಳಿಗೆಯೂ ಅದೇ ಕಿಣ್ವವನ್ನು ತಡೆದು ಇದ್ದಷ್ಟು ರಸವನ್ನು ಉಳಿಸುತ್ತದೆ. ಅದು ರೋಗವನ್ನು ನೀಗುವುದಿಲ್ಲ. ಕೆಲವರಲ್ಲಿ ಕೆಲವು ಕಾಲ ನೆನಪಿಗೆ ಆಸರೆಯಾಗುತ್ತದೆ, ಅಷ್ಟೆ. ಇದನ್ನು ಅರಿತಿದ್ದರೆ ಮನೆಯವರು ಗುಳಿಗೆಯಿಂದ ಪವಾಡವನ್ನೂ ಬಯಸರು, ಫಲ ಕಾಣದೆಂದು ಅಜ್ಜಿಯವರ ಮೇಲೆ ರೇಗಲೂ ರೇಗರು.

ತಾತನವರ ಕೈನಡುಕದ ಕಥೆಯಲ್ಲಿ ನಮ್ಮ ನಾಡಿನ ಗಿಡಗಳಿಗೂ ಒಂದು ಪಾಲುಂಟು. ಪಶ್ಚಿಮ ಘಟ್ಟದ ಕಾಡುಗಳಲ್ಲಿಯೂ ಬೆಳೆಯುವ ಸರ್ಪಗಂಧಿಯ ಬೇರನ್ನು ಉನ್ಮಾದಕ್ಕೆ ಮದ್ದಾಗಿ ನಮ್ಮ ದೇಶದವರು ಬಹುಕಾಲದಿಂದ ಬಳಸಿ ಬಂದವರು. ೧೯೩೧ರಲ್ಲಿ ಗಣನಾಥ ಸೇನ್ ಮತ್ತು ಕಾರ್ತಿಕಚಂದ್ರ ಬೋಸ್ ಎಂಬ ಬಂಗಾಳದ ವೈದ್ಯರು ಅದರ ಗುಣವನ್ನು ವಿದ್ವಾಂಸರ ಗಮನಕ್ಕೆ ತಂದರು. ೧೯೫೨ರಲ್ಲಿ ಸ್ವಿಟ್ಜರ್ಲೆಂಡಿನಲ್ಲಿ ಆ ಬೇರಿನ ಸತ್ತ್ವವಾದ ರೆಸರ್ಪಿನ್ನನ್ನು ಬೇರ್ಪಡಿಸಿದರು. ಸ್ವೀಡನ್ನಿನ ಅರ್ವಿಡ್ ಕಾರ್ಲ್ಸನ್ ಎಂಬವರು ಅದನ್ನು ಮೊಲಗಳಿಗೆ ಕೊಟ್ಟಾಗ ಅವು ಕಲ್ಲಿನಂತೆ ಕುಳಿತವು. ಡೋಪ ಎಂಬ ವಸ್ತುವನ್ನು ಕೊಟ್ಟಾಗ ಎದ್ದು ಓಡಾಡಿದವು. ಡೋಪಮಿನ್ ಎಂಬ ರಸವು ಬರಿದಾದರೆ ಚಲನೆಯು ಸ್ತಬ್ಧವಾಗುವುದೆಂದು ೧೯೫೦ರ ದಶಕದ ಕೊನೆಗೆ ಹೀಗೆ ತಿಳಿಯಿತು. ೧೯೬೦ರಲ್ಲಿ ವಿಯೆನ್ನಾ ನಗರದಲ್ಲಿ ಹೋರ್ನಿಕೀವಿಚ್ ಮತ್ತು ಅವರ ಸಹೋದ್ಯೋಗಿಯು ಪಾರ್ಕಿನ್ಸನ್ ರೋಗದಿಂದ ಸತ್ತವರ ಮಿದುಳುಗಳನ್ನು ಪರೀಕ್ಷಿಸಿ ಅದೇ ರಸದ ಕೊರತೆಯನ್ನು ಕಂಡರು. ೧೯೬೧ರಲ್ಲಿ ಅದೇ ನಗರದಲ್ಲಿ ರೋಗಿಗಳಿಗೆ ಎಲ್‌ಡೋಪವನ್ನು ಚುಚ್ಚಿದಾಗ ಹಾಸಿಗೆಯಿಂದ ಏಳಲಾರದವರು ಎದ್ದು ನಡೆದರು. ಆ ಎಲ್‌ಡೋಪವು ನಮ್ಮ ಬೇಲಿಗಳಲ್ಲಿ ಬೆಳೆದು ಮುಟ್ಟಿದವರ ಮೈ ತುರಿಸುವ ನಸುಗುನ್ನಿಯ ಬೀಜದಲ್ಲಿಯೂ ಇದೆ. ಅಲ್ಲಿಂದ ಅದನ್ನು ದಾಮೋದರನ್ ಮತ್ತು ರಾಮಸ್ವಾಮಿ ಎಂಬ ವಿದ್ವಾಂಸರು ಮದರಾಸಿನಲ್ಲಿ ಬೇರ್ಪಡಿಸಿ ೧೯೩೭ರಲ್ಲಿಯೇ ಪ್ರಕಟಿಸಿದ್ದರು. ಹಾಗೆಂದು ಬೇಲಿಯ ಬೀಜವನ್ನು ಕಿತ್ತು ತಿನ್ನಬಾರದು. ಅಳತೆ ತಪ್ಪಿದರೆ ಮದ್ದೂ ವಿಷವೇ. ಲೋವಿಯವರನ್ನು ಹೊರಗಟ್ಟಿದ ದೇಶದಲ್ಲಿಯೇ, ಅವರು ತೀರಿಕೊಂಡ ವರ್ಷದಲ್ಲಿಯೇ, ಅವರ ಬೀಜ ಹೀಗೆ ಹೊಸ ಫಲವನ್ನು ಕೊಟ್ಟಿತೆಂಬುದನ್ನು ನೆನೆದಾಗ ನಮ್ಮ ಮನಸ್ಸು ತುಂಬಿ ಬರುತ್ತದೆ.

ಹಣವನ್ನು ಕಿತ್ತುಕೊಂಡರು, ಮನೆಯನ್ನು ಕಿತ್ತುಕೊಂಡರು, ಊರನ್ನು ಬಿಡಿಸಿದರು. ತಿಳಿದುಕೊಂಡದ್ದನ್ನು ಮಾತ್ರ ಯಾರೂ ಲೋವಿಯವರಿಂದ ಕಿತ್ತುಕೊಳ್ಳಲಾಗಲಿಲ್ಲ; ಅದನ್ನು ಅವರು ಆಗಲೇ ಎಲ್ಲರಿಗೂ ಹಂಚಿಬಿಟ್ಟಿದ್ದರು. ಊರುಬಿಟ್ಟು ಬಂದು ಬೇರೆ ನಗರದಲ್ಲಿ ನೆಲೆನಿಂತ ನಮ್ಮಂಥವರಿಗೆ, ನಾವು ಬಂದದ್ದು ಬಲವಂತದಿಂದಲ್ಲವಾದರೂ, ಈ ಮಾತಿನ ತೂಕ ಸ್ವಲ್ಪಮಟ್ಟಿಗೆ ತಿಳಿದೀತು.

ನಮ್ಮ ತರುಣ ಮಿತ್ರರಲ್ಲಿ ಕೊನೆಯದಾಗಿ ಒಂದು ಬಿನ್ನಹ. ವರ್ಷಗಟ್ಟಲೆ ಒಂದು ಪ್ರಶ್ನೆಯನ್ನು ಮನಸ್ಸಿನಲ್ಲಿಟ್ಟು ಸಾಕಿದವರಿಗೆ ಕನಸು ಬೀಳುವುದುಂಟು. ಬಿದ್ದರೆ ಕಾಗದದಲ್ಲಿ ಬಿಡಿಸಿ ಬರೆಯಿರಿ. ಅಜ್ಜಿಯ ಮಾತನ್ನು ನೆನೆದು ಮತ್ತೆ ಮಲಗಬೇಡಿರಿ.